ರಿಸೆಷನ್ ಕಾದಂಬರಿ ಬರೆಯುತ್ತಿರುವ ತಂಗಿಗೆ

ಪ್ರೀತಿಯ ತಂಗಿ,

ನೀನು ಕಳಿಸಿದ ಮೂರು ಅಧ್ಯಾಯ ಓದಿದೆ. 2008ರ ಆರ್ಥಿಕ ಹಿಂಜರಿತದ ಬೆಂಗಳೂರು, ಸಾಫ್ಟ್‌ವೇರ್ ಕಂಪನಿ, ಪ್ರಾಜೆಕ್ಟ್ ಇಲ್ಲದೆ 'ಬೆಂಚಿನ' ಮೇಲೆ ಕೂತ ಹುಡುಗ. ನಗಿಸುವುದಕ್ಕೆ ಬೇಕಾದ ಸಾಮಾನೆಲ್ಲ ಇದೆ. ಆದರೆ ನಿನ್ನ ಸಿಇಒ ನನಗೆ ಹಿಡಿಸಲಿಲ್ಲ. ದೊಡ್ಡ ಹೊಟ್ಟೆ, ಸಿಗಾರು, ಚಿನ್ನದ ಪೆನ್ನು. ಅವನು ಬಾಯಿ ಬಿಡುವ ಮೊದಲೇ 'ಈಗ ನಗಿ' ಅಂತ ನೀನೇ ಹೇಳಿಬಿಡುತ್ತೀಯ.

ದೊಡ್ಡವರ ವಿಚಾರದಲ್ಲಿ ನಿಜದ ಜೊತೆ ಪೈಪೋಟಿಗೆ ಇಳಿಯಬೇಡ, ಸೋಲುತ್ತೀಯ. ಆ ವರ್ಷ ನವೆಂಬರ್‌ನಲ್ಲಿ ಅಮೆರಿಕದ ಮೂರು ದೊಡ್ಡ ಕಾರು ಕಂಪನಿಗಳ ಮುಖ್ಯಸ್ಥರು ಸರ್ಕಾರದ ಹತ್ತಿರ 2,500 ಕೋಟಿ ಡಾಲರ್ ಕೇಳಲು ವಾಷಿಂಗ್ಟನ್‌ಗೆ ಹೋದರು. ಒಬ್ಬೊಬ್ಬರೂ ಒಂದೊಂದು ಖಾಸಗಿ ವಿಮಾನದಲ್ಲಿ! ಚೆನ್ನಾಗಿ ಬೈಸಿಕೊಂಡ ಮೇಲೆ ಡಿಸೆಂಬರ್‌ನಲ್ಲಿ ಕಾರಿನಲ್ಲೇ ಹೋದರು. ಈ ಸಲ ಕೇಳಿದ್ದು 3,400 ಕೋಟಿ. ಇದನ್ನು ನೀನು ಕಟ್ಟಿ ಬರೆದಿದ್ದರೆ 'ಸ್ವಲ್ಪ ಜಾಸ್ತಿಯಾಯ್ತು' ಅಂತ ನಾನೇ ಗೆರೆ ಎಳೆಯುತ್ತಿದ್ದೆ.

2009ರ ಜನವರಿ 7ರಂದು ಸತ್ಯಂ ಸಾಫ್ಟ್‌ವೇರ್ ಕಂಪನಿಯ ಅಧ್ಯಕ್ಷ ರಾಮಲಿಂಗ ರಾಜು ಬರೆದ ಪತ್ರ ಹುಡುಕಿ ಓದು. ಲೆಕ್ಕದಲ್ಲಿ ತೋರಿಸಿದ್ದ ಹಣದಲ್ಲಿ 5,040 ಕೋಟಿ ರೂಪಾಯಿ ಇಲ್ಲವೇ ಇಲ್ಲ ಅಂತ ಒಪ್ಪಿಕೊಂಡ ಪತ್ರ. ಹುಲಿ ಸವಾರಿ ಮಾಡುತ್ತಿದ್ದೆ, ಅದರ ಬಾಯಿಗೆ ಬೀಳದೆ ಇಳಿಯುವುದು ಹೇಗೆಂದು ತಿಳಿಯಲಿಲ್ಲ ಅನ್ನುವ ಮಾತೂ ಅದರಲ್ಲೇ ಬರುತ್ತದೆ. ಎಲ್ಲೂ ನಗಿಸುವ ಉದ್ದೇಶವಿಲ್ಲ, ಪೂರ್ತಿ ಗಂಭೀರ. ನಿನ್ನ ಸಿಇಒ ಹಾಗೆ ಮಾತಾಡಲಿ.

ಎರಡನೇ ಅಧ್ಯಾಯದಲ್ಲಿ ನೀನು ಎರಡೇ ಸಾಲಿನಲ್ಲಿ ದಾಟಿಸಿದ್ದೀಯಲ್ಲ, ಪ್ಯಾಂಟ್ರಿಯಲ್ಲಿ ಬಿಸ್ಕೆಟ್ ನಿಂತಿತು ಅಂತ? ಅಲ್ಲಿ ನಿಲ್ಲು. ಮೊದಲು ಕ್ರೀಮ್ ಬಿಸ್ಕೆಟ್ ಹೋಗಿ ಮಾರಿ ಬರಲಿ. ಆಮೇಲೆ ಮಾರಿಯೂ ಹೋಗಲಿ. 'ನಿಮ್ಮ ಆರೋಗ್ಯದ ದೃಷ್ಟಿಯಿಂದ' ಅಂತ ಇಮೇಲ್ ಬರಲಿ. ಪ್ರಾಜೆಕ್ಟ್ ಇಲ್ಲದ ಹುಡುಗ ಒಂಬತ್ತೂವರೆಗೆ ಸರಿಯಾಗಿ ಕಾರ್ಡ್ ಸ್ವೈಪ್ ಮಾಡಿ, ಮ್ಯಾನೇಜರ್ ಹಾದುಹೋದಾಗಲೆಲ್ಲ ಖಾಲಿ ಎಕ್ಸೆಲ್ ಶೀಟಿಗೆ ಬಣ್ಣ ತುಂಬಲಿ. ಅದೇ ಹೊತ್ತಿಗೆ ಹಾಸನದಲ್ಲಿ ಅವನಪ್ಪ ಹೆಣ್ಣಿನ ಕಡೆಯವರಿಗೆ 'ಹುಡುಗ ಸಾಫ್ಟ್‌ವೇರು' ಅಂತ ಎದೆಯುಬ್ಬಿಸಿ ಹೇಳುತ್ತಿರಲಿ. ಹೋದ ವರ್ಷ ಮುಗಿಬೀಳುತ್ತಿದ್ದವರು ಈಗ 'ಸರ್ಕಾರಿ ಕೆಲಸದವರು ಯಾರಾದ್ರೂ ಇದ್ರೆ ಹೇಳಿ' ಅನ್ನಲಿ. ಏನೂ ಆಗಿಲ್ಲ ಅಂತ ಎಲ್ಲರೂ ಸೇರಿ ನಟಿಸುವುದರಲ್ಲೇ ನಗು ಇದೆ, ಅಲ್ವಾ?

ಇನ್ನೊಂದು. ಈ ಹುಡುಗನ ಸಂಬಳ ಎಷ್ಟು? ಮೂರು ಅಧ್ಯಾಯ ಮುಗಿದರೂ ಗೊತ್ತಾಗಲಿಲ್ಲ. ದೇವನಹಳ್ಳಿ ಏರ್‌ಪೋರ್ಟ್ ಶುರುವಾಗಿದ್ದು 2008ರ ಮೇನಲ್ಲಿ. ಆ ಭರಾಟೆಯಲ್ಲಿ ಇವನು ಅಲ್ಲೊಂದು ಸೈಟು ಕೊಂಡಿದ್ದಾನೆ. ಹಾಗಾದರೆ ಇಎಂಐ ಎಷ್ಟು, ಯಾವ ತಾರೀಕಿಗೆ ಕಡಿತ, ಪಿಜಿ ಬಾಡಿಗೆ ಕಳೆದರೆ ಕೈಯಲ್ಲಿ ಉಳಿಯುವುದೆಷ್ಟು, ಎಲ್ಲಾ ಬರೆದಿಟ್ಟುಕೋ. ಕಾದಂಬರಿಗೆ ಹಾಕದಿದ್ದರೂ ಪರವಾಗಿಲ್ಲ. ದುಡ್ಡಿನ ಲೆಕ್ಕ ಸಡಿಲವಾದರೆ ಇಂಥ ಕಥೆಯಲ್ಲಿ ನಗು ಬರುವುದಿಲ್ಲ. ಸೋದರತ್ತೆಯ ಮಗಳ ಮದುವೆಗೆ ಐನೂರು ಮುಯ್ಯಿ ಮಾಡಬೇಕೋ ಸಾವಿರವೋ ಅಂತ ಅವನು ಒದ್ದಾಡುವುದು ಓದುಗನಿಗೆ ತಟ್ಟಬೇಕಲ್ಲ.

ಕ್ಯಾಬ್ ಡ್ರೈವರ್‌ನ ಭಾಷೆಯನ್ನು ಆಡಿಕೊಂಡಿದ್ದೀಯ. ಅದು ಬೇಡ. ಕಂಪನಿ ಕ್ಯಾಬ್ ನಿಲ್ಲಿಸಿದಾಗ ಅವನಿಗೆ ಇಮೇಲ್ ಕೂಡ ಬರಲಿಲ್ಲ, ಕಾರಿನ ಸಾಲ ಮಾತ್ರ ಉಳಿಯಿತು. ಒಳ್ಳೆಯ ಜೋಕುಗಳನ್ನು ಅವನ ಬಾಯಿಗೇ ಕೊಡು. ಹಿಂದಿನ ಸೀಟಿನ ಮಾತೆಲ್ಲ ಕೇಳಿಸಿಕೊಂಡವನು ಅವನು.

ಹೆಣ್ಣು ನೋಡುವ ಅಧ್ಯಾಯ ಆದ ತಕ್ಷಣ ಕಳಿಸು. ಅಕ್ಷರ ಸ್ವಲ್ಪ ದೊಡ್ಡದಾಗಿರಲಿ, ಕನ್ನಡಕ ಬದಲಾಯಿಸುವುದನ್ನು ನಾನೂ ಮುಂದೂಡಿದ್ದೇನೆ.

ಇಂತಿ,
ನಿನ್ನ ಅಣ್ಣ