ಗ್ರೀನ್‌ಸ್ಟೆಡ್‌ನ ಮರದ ಚರ್ಚ್‌ಗೆ ನಿರ್ವಹಣಾ ನಿಧಿ: ದೇಣಿಗೆ ಮನವಿ

ಮಾನ್ಯರೇ,

ಲಂಡನ್ನಿನ ಈಶಾನ್ಯಕ್ಕೆ, ಎಸೆಕ್ಸ್ ಕೌಂಟಿಯ ಆಂಗರ್ ಪೇಟೆಯ ಮಗ್ಗುಲಲ್ಲೇ ಗ್ರೀನ್‌ಸ್ಟೆಡ್ ಎಂಬ ಪುಟ್ಟ ಊರು. ಅಲ್ಲಿಯ ಸೇಂಟ್ ಆಂಡ್ರ್ಯೂ ಚರ್ಚ್‌ನ ಮುಖ್ಯ ಸಭಾಂಗಣದ ಗೋಡೆ ಕಲ್ಲಿನದಲ್ಲ, ಇಟ್ಟಿಗೆಯದೂ ಅಲ್ಲ; ಸೀಳಿ ನಿಲ್ಲಿಸಿದ ಓಕ್ ದಿಮ್ಮಿಗಳದು. ಯುರೋಪಿನಲ್ಲಿ ಉಳಿದಿರುವ ಮರದ ಚರ್ಚ್‌ಗಳಲ್ಲೇ ಬಹು ಹಳೆಯದೆಂದು ಇದಕ್ಕೆ ಹೆಸರು. ಇಂದಿಗೂ ಅಲ್ಲಿ ಆರಾಧನೆ ನಡೆಯುತ್ತದೆ. ಅದರ ವರ್ಷಾವರ್ಷದ ರಿಪೇರಿಗೆ ನೆರವು ಕೋರಿ ಈ ಮನವಿ.

ಕಟ್ಟಿದ ಬಗೆ ಹೀಗಿದೆ. ದಿಮ್ಮಿಯನ್ನು ಉದ್ದಕ್ಕೆ ಸೀಳಿ, ದುಂಡನೆಯ ಬೆನ್ನು ಹೊರಗೆ, ಚಪ್ಪಟೆ ಮುಖ ಒಳಗೆ ಬರುವಂತೆ ಒಂದರ ಪಕ್ಕ ಒಂದು ನಿಲ್ಲಿಸಿದ್ದಾರೆ. ಎರಡು ದಿಮ್ಮಿ ಸೇರುವ ಅಂಚುಗಳಲ್ಲಿ ತೋಡು ಕೊರೆದು, ನಡುವೆ ತೆಳ್ಳನೆಯ ಓಕ್ ಪಟ್ಟಿ ತೂರಿಸಿದ್ದಾರೆ. ಮಳೆ ಗಾಳಿ ಒಳನುಗ್ಗದಂತೆ ತಡೆಯುವುದು ಆ ಪಟ್ಟಿಯೇ. ಒಳಗೋಡೆಯ ಮೇಲೆ ಕೈಯಾಡಿಸಿದರೆ ಬಾಚಿಯ ಏಟುಗಳು ಇನ್ನೂ ಸಿಗುತ್ತವೆ.

ಕಾಲದ ವಿಷಯದಲ್ಲಿ ಲೆಕ್ಕ ಒಮ್ಮೆ ಬದಲಾಗಿದೆ. 1960ರ ಸುಮಾರಿಗೆ ಮರದ ಬೆಳವಣಿಗೆಯ ಉಂಗುರ ಎಣಿಸಿದವರು ಕ್ರಿ.ಶ. 845 ಎಂದಿದ್ದರು. 1990ರ ದಶಕದಲ್ಲಿ ಮತ್ತೆ ಪರೀಕ್ಷಿಸಿದಾಗ ಮರ ಕಡಿದದ್ದು 1063ರಿಂದ 1108ರ ನಡುವೆ ಎಂದು ತಿಳಿಯಿತು. ಇನ್ನೂರು ವರ್ಷ ಕಡಿಮೆಯಾದರೂ ನಮಗೆ ಬೇಸರವಿಲ್ಲ. ಗೋಡೆಯಾಗಿ ಅಷ್ಟು ಕಾಲ ನಿಂತ ಮರ ಯುರೋಪಿನಲ್ಲಿ ಬೇರೆಲ್ಲಿದೆ? ಅದಕ್ಕೂ ಮೊದಲು ಅಲ್ಲಿ ಮರದ ಗುಡಿ ಇತ್ತು. ಪೂರ್ವದ ಗರ್ಭಗೃಹದಂಥ ಭಾಗದ, ಅಂದರೆ ಚಾನ್ಸೆಲ್‌ನ, ನೆಲ ಅಗೆದಾಗ ಇನ್ನೂ ಹಳೆಯ ಎರಡು ಕಟ್ಟಡಗಳ ಕುರುಹು ಸಿಕ್ಕಿವೆ. 1013ರಲ್ಲಿ, ಹಿಂದೆ ರಾಜನಾಗಿದ್ದ ಸಂತ ಎಡ್ಮಂಡ್‌ನ ದೇಹವನ್ನು ಲಂಡನ್ನಿನಿಂದ ಬರಿ ಸೇಂಟ್ ಎಡ್ಮಂಡ್ಸ್ ಎಂಬ ಪಟ್ಟಣಕ್ಕೆ ಮರಳಿ ಒಯ್ಯುವಾಗ ಇಲ್ಲಿ ತಂಗಿಸಿದ್ದರೆಂಬ ಪ್ರತೀತಿ ಆ ಹಳೆಯ ಗುಡಿಗೇ ಸೇರಬೇಕು. ಈಗಿನ ಚಾನ್ಸೆಲ್ ಸುಮಾರು 1500ರ ಇಟ್ಟಿಗೆ ಕೆಲಸ, ಬುಡದಲ್ಲಿ ನಾರ್ಮನ್ ಕಾಲದ ಚಕಮಕಿ ಕಲ್ಲು. ಪಶ್ಚಿಮಕ್ಕೆ ಹಲಗೆ ಹೊದಿಸಿದ ಗೋಪುರ. ಅದರ ಗಂಟೆಯ ಮೇಲೆ 1618 ಎಂಬ ಇಸವಿ ಇದೆ. ಟಾಲ್‌ಪಡಲ್ ಎಂಬ ಇಂಗ್ಲಿಷ್ ಹಳ್ಳಿಯ ಕೃಷಿ ಕಾರ್ಮಿಕರ ಹೋರಾಟದಲ್ಲಿ ಗಡೀಪಾರಾಗಿ ಮರಳಿದ ಜೇಮ್ಸ್ ಬ್ರೈನ್ 1839ರಲ್ಲಿ ಮದುವೆಯಾದದ್ದೂ ಈ ಚರ್ಚ್‌ನಲ್ಲೇ.

ಇನ್ನು ಹಣ ಎಲ್ಲಿಗೆ ಹೋಗುತ್ತದೆ ಎಂಬುದು. ಮರಕ್ಕೆ ವಯಸ್ಸು ಶತ್ರುವಲ್ಲ, ಬುಡದ ನೀರು ಶತ್ರು. 1848ರ ಜೀರ್ಣೋದ್ಧಾರದಲ್ಲಿ ಮಾಡಿದ ಮುಖ್ಯ ಕೆಲಸ ಅದೇ: ಕೊಳೆತ ಬುಡಗಳನ್ನು ಕತ್ತರಿಸಿ, ಇಟ್ಟಿಗೆಯ ಪಾಯ ಕಟ್ಟಿ, ಅದರ ಮೇಲೆ ಓಕ್ ತೊಲೆ ಹಾಸಿ ದಿಮ್ಮಿಗಳನ್ನು ಕೂರಿಸಿದರು. ಮರದ ತೇವಾಂಶ ನೂರಕ್ಕೆ 20 ದಾಟಿ ಹಾಗೇ ಉಳಿದರೆ ಬೂಸ್ಟು ಹಿಡಿಯುತ್ತದೆ. ಬೂಸ್ಟು ಮೆತ್ತಗೆ ಮಾಡಿದ ಓಕ್‌ಗೆ ಡೆತ್‌ವಾಚ್ ಎಂಬ ಕೊರಕ ಹುಳು ಬೀಳುತ್ತದೆ. ಅದರ ಮರಿ ವರ್ಷಗಟ್ಟಲೆ ಒಳಗೇ ತಿನ್ನುತ್ತಾ ಇದ್ದು, ಕೊನೆಗೆ ದುಂಬಿಯಾಗಿ ಸುಮಾರು 3 ಮಿ.ಮೀ. ತೂತು ಕೊರೆದು ಹೊರಬರುತ್ತದೆ. ತೂತು ಕಂಡಾಗ ಔಷಧಿ ಹೊಡೆಯುವುದು ಸುಲಭ, ಆದರೆ ತೇವ ನಿಲ್ಲಿಸದೆ ಹೊಡೆದ ಔಷಧಿ ದಂಡ.

ಹಾಗಾಗಿ ಮೊದಲ ಖರ್ಚು ಮಳೆನೀರು ಹರಿಸುವ ಸೂರಿನ ದೋಣಿ ಮತ್ತು ಕೊಳವೆಗಳದ್ದು: ಎಲೆ ಉದುರಿ ಮುಗಿದ ಮೇಲೆ ಒಮ್ಮೆ, ವಸಂತದಲ್ಲಿ ಒಮ್ಮೆ ಶುಚಿ ಮಾಡಿಸಬೇಕು. ಗೋಡೆಯ ಬುಡದ ಮಣ್ಣು ತೊಲೆಯ ಮಟ್ಟಕ್ಕೆ ಏರದಂತೆ ತೆಗೆಸುತ್ತಿರಬೇಕು. ಜಾರಿದ ಹೆಂಚು ಅದೇ ವಾರ ಕೂರಬೇಕು.

ಮರದ ರಿಪೇರಿ ನಿಧಾನದ ಕೆಲಸ. ಗಟ್ಟಿ ಮರ ಸಿಗುವವರೆಗೆ ಮಾತ್ರ ಕೊಳೆತದ್ದನ್ನು ಕೆತ್ತಿ ತೆಗೆದು, ನಾರು ಅದೇ ದಿಕ್ಕಿಗೆ ಬರುವಂತೆ ಒಣಗಿದ ಓಕ್ ತುಂಡನ್ನು ಓರೆ ಜೋಡಣೆಯಲ್ಲಿ ಕೂಡಿಸಬೇಕು. ಹೊರಗಿನ ಬಿಳಿ ಭಾಗ ಹುಳುವಿಗೆ ಆಹಾರ, ಒಳಗಿನ ಗಟ್ಟಿ ಚೇಗೇ ಬೇಕು. ಕಬ್ಬಿಣದ ಮೊಳೆ ಕೂಡದು, ಓಕ್‌ನ ಆಮ್ಲ ಕಬ್ಬಿಣವನ್ನು ತಿಂದು ಮರವನ್ನೂ ಕಪ್ಪಾಗಿಸುತ್ತದೆ. ಮರದ ಗೂಟ, ಇಲ್ಲವೇ ಸ್ಟೇನ್‌ಲೆಸ್ ಸ್ಟೀಲ್. ವಾರ್ನಿಷ್ ಬಳಿದು ಹೊಳಪು ಕೊಡುವ ಮಾತನ್ನು ದಯವಿಟ್ಟು ಎತ್ತಬೇಡಿ. ಒಳಗಿನ ತೇವ ಆ ಪೊರೆಯಡಿ ಸಿಕ್ಕಿಬೀಳುತ್ತದೆ. ಇಟ್ಟಿಗೆ ಭಾಗಕ್ಕೂ ಇದೇ ನ್ಯಾಯ. ಒಂದು ಪಾಲು ಸುಣ್ಣಕ್ಕೆ ಮೂರು ಪಾಲು ಮರಳಿನ ಗಾರೆ, ಅದೂ ಹಿಮಗಾಲ ಬಿಟ್ಟು. ಸಿಮೆಂಟು ಹಾಕಿದರೆ ನೀರು ಸಂದಿಯಿಂದ ಆರದೆ ಇಟ್ಟಿಗೆಯಲ್ಲೇ ಹೆಪ್ಪುಗಟ್ಟಿ ಮುಖ ಸಿಡಿಯುತ್ತದೆ.

ಅಲ್ಲಿ ಮುಜರಾಯಿ ಇಲಾಖೆಯಂಥದ್ದಿಲ್ಲ. ಚರ್ಚ್ ಆಫ್ ಇಂಗ್ಲೆಂಡ್ ಎಂಬ ಹೆಸರು ಕೇಳಿ ಸರ್ಕಾರ ನೋಡಿಕೊಳ್ಳುತ್ತದೆ ಎಂದುಕೊಳ್ಳುವವರಿದ್ದಾರೆ. ಹಳ್ಳಿ ಚರ್ಚ್‌ನ ಕಟ್ಟಡದ ಹೊಣೆ ಮುಖ್ಯವಾಗಿ ಅದರ ಪ್ಯಾರೋಕಿಯಲ್ ಚರ್ಚ್ ಕೌನ್ಸಿಲ್‌ನದ್ದೇ, ಅಂದರೆ ಆ ಚರ್ಚ್‌ನ ಸ್ಥಳೀಯ ಆಡಳಿತ ಸಮಿತಿಯದ್ದೇ. ಐದು ವರ್ಷಕ್ಕೊಮ್ಮೆ ವಾಸ್ತುಶಿಲ್ಪಿಯಿಂದ ತಪಾಸಣೆ ಕಡ್ಡಾಯ. ಮುಖ್ಯ ರಿಪೇರಿಗೆ ಡಯಾಸಿಸ್‌ನ, ಅಂದರೆ ಬಿಷಪ್‌ರ ಆಡಳಿತ ವಲಯದ, ಅನುಮತಿ ಪತ್ರ ಬೇಕು, ಕಾನೂನಿನ ರಕ್ಷಣೆಯಿರುವ ಬಾವಲಿ ಇದ್ದರೆ ಕೆಲಸದ ವೇಳೆಯೂ ಅದಕ್ಕೆ ತಕ್ಕಂತೆ. ಇವೆಲ್ಲಕ್ಕೂ ಸಮಯ ಹಿಡಿಯುವುದರಿಂದ ಹಣ ಮೊದಲೇ ಕೈಯಲ್ಲಿರಬೇಕು.

ಕೊಡುವ ರೀತಿ: ಬ್ರಿಟನ್ನಿನಲ್ಲಿ ತೆರಿಗೆ ಕಟ್ಟುವವರು ಗಿಫ್ಟ್ ಏಯ್ಡ್ (ನೀವು ಕಟ್ಟಿದ ತೆರಿಗೆಯಿಂದ ಸರ್ಕಾರ ದೇಣಿಗೆಗೆ ಸೇರಿಸುವ ಯೋಜನೆ) ನಮೂನೆಗೆ ಸಹಿ ಹಾಕಿದರೆ ನಿಮ್ಮ 100 ಪೌಂಡ್ ಚರ್ಚ್‌ಗೆ 125 ಆಗುತ್ತದೆ, ನಿಮಗೆ ಹೆಚ್ಚು ಖರ್ಚಿಲ್ಲ, ಆದರೆ ಆ ವರ್ಷ ಕನಿಷ್ಠ 25 ಪೌಂಡ್ ತೆರಿಗೆ ಕಟ್ಟಿರಬೇಕು. ಚೀಟಿಯಲ್ಲಿ "ಕಟ್ಟಡ ರಿಪೇರಿಗೆ ಮಾತ್ರ" ಎಂದು ಬರೆಯಿರಿ. ಹಾಗೆ ಬರೆದು ಸ್ವೀಕರಿಸಿದ ಹಣವನ್ನು ಅಲ್ಲಿನ ಕಾನೂನಿನಂತೆ ಬೇರೆ ಕೆಲಸಕ್ಕೆ ಬಳಸುವಂತಿಲ್ಲ. ಒಮ್ಮೆಗೆ ದೊಡ್ಡ ಮೊತ್ತಕ್ಕಿಂತ ತಿಂಗಳಿಗೆ 5 ಪೌಂಡ್ ಆದರೂ ಬ್ಯಾಂಕಿನಲ್ಲಿ ಸ್ಥಾಯಿ ಆದೇಶ ಕೊಟ್ಟರೆ ದೋಣಿ ಶುಚಿಯಂಥ ಕೆಲಸ ತಪ್ಪುವುದಿಲ್ಲ. ಭಾರತದಿಂದ ಕಳಿಸುವವರಿಗೆ ಇದರ ಮೇಲೆ ಆದಾಯ ತೆರಿಗೆಯ 80ಜಿ ವಿನಾಯಿತಿ ಸಿಗುವುದಿಲ್ಲ. ನಿಮ್ಮೂರ ಹಳೆಯ ಗುಡಿಯೋ ಬಸದಿಯೋ ಸೋರುತ್ತಿದ್ದರೆ ಮೊದಲು ಅಲ್ಲಿಗೇ ಕೊಡಿ, ಉಳಿದರೆ ಗ್ರೀನ್‌ಸ್ಟೆಡ್‌ಗೆ. ದೇಣಿಗೆಯನ್ನು ನೇರ ಪ್ಯಾರೋಕಿಯಲ್ ಚರ್ಚ್ ಕೌನ್ಸಿಲ್ ಖಾತೆಗೇ ಹಾಕಿ ರಸೀದಿ ಪಡೆಯಿರಿ. ನಾವು ನಡುವೆ ನಗದು ತೆಗೆದುಕೊಳ್ಳುವುದಿಲ್ಲ.