ರೈಲು ಹತ್ತದ ಜಾಕ್: ಮಗಳಿಗೊಂದು ಪತ್ರ

ಪ್ರೀತಿಯ ಪುಟ್ಟಿ,

ಆಶೀರ್ವಾದಗಳು. ಅಮೆರಿಕದ ನಿಮ್ಮ ಕೊರ್ವಾಲಿಸ್ ಊರಿನಲ್ಲಿ ಮಳೆ ಹಿಡಿದುಕೊಂಡಿದೆ ಅಂತ ನಿನ್ನಮ್ಮ ಹೇಳಿದಳು. ಮೊನ್ನೆ ಫೋನಿನಲ್ಲಿ ನೀನು, "ಮ್ಯಾಚ್ ಇದ್ದ ದಿನ ಊರಿಗೆ ಊರೇ ಕಿತ್ತಳೆ ಬಣ್ಣದ ಅಂಗಿ ಹಾಕ್ಕೊಂಡು ಹೊರಡತ್ತೆ ಅಪ್ಪ, ಇವರ ಫುಟ್‌ಬಾಲಲ್ಲಿ ಅಂಥದ್ದೇನಿದೆಯೋ" ಅಂದೆ. ಪಿ.ಟಿ. ಮೇಷ್ಟ್ರಿಗೆ ಇಂಥ ಪ್ರಶ್ನೆ ಕೇಳಿದರೆ ಸುಮ್ಮನಿರುತ್ತಾನೆಯೇ? ಅವರ ಫುಟ್‌ಬಾಲ್ ಅಂದರೆ ನಮ್ಮ ಕಾಲ್ಚೆಂಡಲ್ಲ, ಚೆಂಡನ್ನು ಕೈಯಲ್ಲಿ ಹಿಡಿದು ಓಡುವ, ಎಸೆಯುವ ಆಟ. ನಿಮ್ಮ ಕಾಲೇಜಿನ ಹಳೇ ತಂಡಗಳ ಬಗ್ಗೆ ಸಿಕ್ಕಿದ್ದನ್ನೆಲ್ಲ ಓದುತ್ತಾ ಕೂತೆ. 1941ರ ತಂಡದ ಹತ್ತಿರ ಬಂದು ನಿಂತುಬಿಟ್ಟೆ, ಮುಂದಕ್ಕೆ ಹೋಗಲಾಗಲಿಲ್ಲ.

ಆಗ ನಿಮ್ಮದು ಇನ್ನೂ ಒರೆಗಾನ್ ಸ್ಟೇಟ್ ಕಾಲೇಜು. ಕೋಚ್ ಲಾನ್ ಸ್ಟೈನರ್. ಹೇಳಿಕೊಳ್ಳುವಂಥ ಆರಂಭವಲ್ಲ, ಎರಡು ಪಂದ್ಯ ಸೋತರು. ಆದರೆ ಹಿಂದಿನ ವರ್ಷ ಒಂದನ್ನೂ ಸೋಲದಿದ್ದ ಸ್ಟ್ಯಾನ್‌ಫರ್ಡನ್ನು 10-0ಯಿಂದ ಮಣಿಸಿದರು. ನವೆಂಬರ್ 29ರಂದು ಪಕ್ಕದೂರಿನ ಹಳೇ ಎದುರಾಳಿ ಒರೆಗಾನ್ ವಿಶ್ವವಿದ್ಯಾಲಯವನ್ನು 12-7ರಲ್ಲಿ ಸೋಲಿಸಿ, ಕಾಲೇಜಿನ ಇತಿಹಾಸದಲ್ಲೇ ಮೊದಲ ಸಲ ರೋಸ್ ಬೌಲ್‌ಗೆ ಅರ್ಹತೆ ಪಡೆದರು. ಹೊಸ ವರ್ಷದ ದಿನ ಕ್ಯಾಲಿಫೋರ್ನಿಯಾದ ಪ್ಯಾಸಡೀನಾದಲ್ಲಿ ನಡೆಯುವ ಪಂದ್ಯ ಅದು, ಕಾಲೇಜು ಹುಡುಗರ ಪಾಲಿಗೆ ಅದಕ್ಕಿಂತ ದೊಡ್ಡದಿರಲಿಲ್ಲ. ಆ ಸಂಭ್ರಮ ಪೂರ್ತಿ ಎಂಟು ದಿನ. ಡಿಸೆಂಬರ್ 7ಕ್ಕೆ ಹವಾಯಿಯಲ್ಲಿದ್ದ ಅಮೆರಿಕದ ನೌಕಾನೆಲೆ ಪರ್ಲ್ ಹಾರ್ಬರ್ ಮೇಲೆ ಜಪಾನಿನ ಬಾಂಬು ಬಿತ್ತು.

ಪಶ್ಚಿಮ ಕರಾವಳಿಯ ಮೇಲೂ ದಾಳಿಯಾದೀತು ಅನ್ನುವ ಭಯ. ಅಷ್ಟು ಜನ ಒಂದೇ ಕಡೆ ಸೇರುವುದು ಬೇಡ ಅಂತ ಅಲ್ಲಿನ ಸೇನಾಧಿಕಾರಿ ಜನರಲ್ ಡೆವಿಟ್ ಹೇಳಿದ ಮೇಲೆ ಪ್ಯಾಸಡೀನಾದವರು ಕೈಚೆಲ್ಲಿದರು. ಆಗ ಎದುರಾಳಿ ತಂಡ ಡ್ಯೂಕ್ ವಿಶ್ವವಿದ್ಯಾಲಯ, "ನಮ್ಮಲ್ಲಿಗೇ ಬನ್ನಿ" ಎಂದಿತು. ಹಾಗಾಗಿ ಆಟ ದೇಶದ ಆ ತುದಿಗೆ, ನಾರ್ತ್ ಕೆರೊಲಿನಾದ ಡರ್ಹಮ್‌ಗೆ ಹೋಯಿತು. ಅಕ್ಕಪಕ್ಕದ ಕಾಲೇಜುಗಳಿಂದ ಬೆಂಚು ಎರವಲು ತಂದು 56,000 ಜನಕ್ಕೆ ಜಾಗ ಮಾಡಿದರಂತೆ! (ಇದಾದ ಮೇಲೆ ರೋಸ್ ಬೌಲ್ ಪ್ಯಾಸಡೀನಾ ಬಿಟ್ಟು ಹೊರಗೆ ನಡೆದದ್ದು ಇನ್ನೊಂದೇ ಸಲ, 2021ರಲ್ಲಿ, ಕೊರೊನಾದಿಂದಾಗಿ.)

ನಿಮ್ಮ ಹುಡುಗರು ರೈಲಿನಲ್ಲಿ ಹೊರಟರು. ಜಾಕ್ ಯೋಶಿಹಾರ ಹೊರಡಲಿಲ್ಲ.

ಚಿಯಾಕಿ ಅವನ ನಿಜವಾದ ಹೆಸರು, ಜಾಕ್ ಅಂತ ಕರೆಯುತ್ತಿದ್ದರು. ಎರಡನೇ ವರ್ಷದ ಹುಡುಗ. ಹುಟ್ಟಿದ್ದು ಜಪಾನಿನಲ್ಲಿ, ತೀರಾ ಚಿಕ್ಕವನಿದ್ದಾಗಲೇ ಅಮೆರಿಕಕ್ಕೆ ಬಂದು ಪೋರ್ಟ್‌ಲ್ಯಾಂಡ್‌ನಲ್ಲಿ ಬೆಳೆದವನು. ತಂಡ ಅಭ್ಯಾಸ ಮಾಡುತ್ತಿದ್ದ ಮೈದಾನಕ್ಕೇ ಕೇಂದ್ರ ಸರ್ಕಾರದ ಪೊಲೀಸರು, ಎಫ್‌ಬಿಐನವರು, ಬಂದು, ಇವನು ಪ್ರಯಾಣ ಮಾಡುವಂತಿಲ್ಲ ಎಂದರು. ಶತ್ರು ದೇಶದವನು! ಅಮೆರಿಕದ ಪ್ರಜೆಯಾಗೋಣವೆಂದರೆ ಕಾನೂನೇ ಬಿಡುತ್ತಿರಲಿಲ್ಲ. ಜಪಾನಿನಲ್ಲಿ ಹುಟ್ಟಿದವರಿಗೆ ಆ ಬಾಗಿಲು ತೆರೆದದ್ದು 1952ರಲ್ಲಿ.

ಟೂರ್ನಮೆಂಟಿಗೆ ಹೊರಡುವ ದಿನ ನಾನು ಹೇಗೆ ಮಾಡುತ್ತಿದ್ದೆ ಗೊತ್ತಲ್ಲ? ಪ್ಲಾಟ್‌ಫಾರಂ ಮೇಲೆ ಹುಡುಗರನ್ನು ಸಾಲಾಗಿ ನಿಲ್ಲಿಸಿ, ಪಟ್ಟಿ ಹಿಡಿದು ಒಂದೊಂದೇ ಹೆಸರು ಕೂಗಿ, "ಬಂದಿದ್ದೀನಿ ಸಾರ್" ಅಂದವರನ್ನು ಮಾತ್ರ ಬೋಗಿಗೆ ಹತ್ತಿಸುತ್ತಿದ್ದೆ. ಒಬ್ಬ ಕಡಿಮೆಯಾದರೂ ಎದೆ ಡವಡವ. ಹೊಸ ಶೂ ಕೊಂಡು, ಹಿಂದಿನ ರಾತ್ರಿಯೇ ಬ್ಯಾಗು ಕಟ್ಟಿಟ್ಟುಕೊಂಡ ಹುಡುಗನನ್ನು ಬಿಟ್ಟು ಹೋಗುವುದೆಂದರೆ ಏನು ಅಂತ ನಮ್ಮಂಥವರಿಗೆ ಗೊತ್ತು. ಜಾಕ್‌ನನ್ನು ಬಿಟ್ಟು ನಾವೂ ಬರುವುದಿಲ್ಲ ಅಂತ ಒಬ್ಬನಾದರೂ ಅನ್ನಬಾರದಿತ್ತೇ ಅನ್ನಿಸಿತು. ಆಮೇಲೆ ಯೋಚಿಸಿದೆ. ಸ್ಟೈನರ್ ಜಾಗದಲ್ಲಿ ನಾನಿದ್ದಿದ್ದರೆ? ಬಹುಶಃ ನಾನೂ ತಲೆತಗ್ಗಿಸಿ ಉಳಿದವರನ್ನು ರೈಲು ಹತ್ತಿಸುತ್ತಿದ್ದೆ. ಪೊಲೀಸರು ಬಂದು ನಿಂತ ಮೇಲೆ ಮೇಷ್ಟ್ರ ಶಿಳ್ಳೆಗೆ ಏನು ಬೆಲೆ.

ಆಟದ ಕಥೆಯನ್ನೂ ಹೇಳಬೇಕು, ಇಲ್ಲದಿದ್ದರೆ ನೀನು ಬೈಯುತ್ತೀಯ. ಡ್ಯೂಕ್ ಆ ವರ್ಷ ಒಂದೂ ಸೋತಿರಲಿಲ್ಲ. ಗೆಲುವು ಅವರದ್ದೇ ಅಂತ ಎಲ್ಲರೂ ತೀರ್ಮಾನಿಸಿಬಿಟ್ಟಿದ್ದರು. ಸುರಿಯುವ ಮಳೆ, ಒದ್ದೆ ಚೆಂಡು. ಮೂರನೇ ಕ್ವಾರ್ಟರಿನಲ್ಲಿ 14-14 ಆಗಿದ್ದಾಗ ಬಾಬ್ ಡೆತ್‌ಮನ್ ಎಸೆದ ಚೆಂಡನ್ನು ಜೀನ್ ಗ್ರೇ ಹಿಡಿದು ಗೆರೆ ದಾಟಿಸಿದ. ಒಟ್ಟು 68 ಗಜ! ಕೊನೆಗೆ 20-16. ನಿಮ್ಮ ಕಾಲೇಜು ಇವತ್ತಿನವರೆಗೆ ಗೆದ್ದಿರುವ ರೋಸ್ ಬೌಲ್ ಅದೊಂದೇ.

ಆಮೇಲೆ ಎರಡೂ ತಂಡದ ಹುಡುಗರು ಯುದ್ಧಕ್ಕೆ ಹೋದರು. ಐವತ್ತರ ಹತ್ತಿರಕ್ಕೆ ಬಂದಿದ್ದ ಡ್ಯೂಕ್ ಕೋಚ್ ವಾಲೇಸ್ ವೇಡ್ ಕೂಡ ಸೈನ್ಯ ಸೇರಿದ. ಇಟಲಿಯಲ್ಲಿ ಗುಂಡೇಟು ತಿಂದು ಬಿದ್ದಿದ್ದ ಡ್ಯೂಕಿನ ಚಾರ್ಲ್ಸ್ ಹೇನ್ಸ್‌ನನ್ನು ಹೊತ್ತು ತಂದು ಉಳಿಸಿದವನು ನಿಮ್ಮ ಕಾಲೇಜಿನ ಫ್ರಾಂಕ್ ಪಾರ್ಕರ್. ಕೆಲವರು ವಾಪಸು ಬರಲೇ ಇಲ್ಲ. ಮುಂದೆ 1943, 1944ರಲ್ಲಿ ನಿಮ್ಮ ಕಾಲೇಜು ತಂಡವನ್ನೇ ಕಟ್ಟಲಿಲ್ಲ. ಈ ಕಥೆಗಳನ್ನು ಅಲ್ಲಿಯವರು ಬಹಳ ಅಭಿಮಾನದಿಂದ ಹೇಳುತ್ತಾರೆ, ಹೇಳಬೇಕಾದದ್ದೇ. ಆದರೆ ಪಾರ್ಕರ್‌ನ ಕಥೆ ಹೇಳಿ ಜಾಕ್‌ನ ಕಥೆಯನ್ನು ಮರೆಸಲು ಹೋದರೆ ನಾನು ಒಪ್ಪುವುದಿಲ್ಲ.

1942ರ ಫೆಬ್ರವರಿ 19ರಂದು ಅಧ್ಯಕ್ಷ ರೂಸ್‌ವೆಲ್ಟ್ ಒಂದು ಆದೇಶಕ್ಕೆ ಸಹಿ ಹಾಕಿದರು. ಅದರಡಿ ಸುಮಾರು 1,20,000 ಜಪಾನಿ ಮೂಲದವರನ್ನು ಮನೆಮಠ ಬಿಡಿಸಿ ಶಿಬಿರಗಳಿಗೆ ಸಾಗಿಸಿದರು. ಮೂರರಲ್ಲಿ ಎರಡು ಪಾಲು ಅಮೆರಿಕದ ಪ್ರಜೆಗಳೇ. ಜಾಕ್ ಐಡಾಹೊದ ಮಿನಿಡೋಕಾ ಶಿಬಿರ ಸೇರಿದ. ಓದು ಅಲ್ಲಿಗೇ ನಿಂತಿತು. ನಿಮ್ಮ ವಿಶ್ವವಿದ್ಯಾಲಯ ಹಾಗೆ ಓದು ಕಳೆದುಕೊಂಡ 42 ವಿದ್ಯಾರ್ಥಿಗಳಿಗೆ ಗೌರವ ಪದವಿ ಕೊಟ್ಟದ್ದು 2008ರಲ್ಲಿ. ಆ ಪಟ್ಟಿಯಲ್ಲಿ ಜಾಕ್ ಇದ್ದರು. ಮರುವರ್ಷ ತೀರಿಕೊಂಡರು. ಕೊಟ್ಟದ್ದು ಒಳ್ಳೆಯದೇ ಆಯಿತು, ತಡವಾಯಿತು ಅಂತ ಹಂಗಿಸುವುದಿಲ್ಲ. ಎಷ್ಟೋ ಕಡೆ ಅಷ್ಟನ್ನೂ ಮಾಡುವುದಿಲ್ಲ.

ಜಪಾನಿನವರ ಕಥೆ, ನಮಗೇನು ಅಂದುಕೊಳ್ಳಬೇಡ. ಮೊದಲ ಮಹಾಯುದ್ಧದಲ್ಲಿ ಅಮೆರಿಕದ ಸೈನ್ಯ ಸೇರಿದ್ದ ಪಂಜಾಬಿನ ಭಗತ್ ಸಿಂಗ್ ಥಿಂಡ್‌ಗೆ 1920ರಲ್ಲಿ ಪೌರತ್ವ ಕೊಟ್ಟದ್ದು ನೀನಿರುವ ಒರೆಗಾನ್‌ನ ಫೆಡರಲ್ ಕೋರ್ಟು. 1923ರಲ್ಲಿ ಸುಪ್ರೀಂ ಕೋರ್ಟು, ಇವರು ಬಿಳಿಯರ ಲೆಕ್ಕಕ್ಕೆ ಬರುವುದಿಲ್ಲ ಎಂದು ಅದಕ್ಕೆ ಕಲ್ಲು ಹಾಕಿತು. ಭಾರತೀಯರಿಗೆ ಆ ಹಕ್ಕು ಸಿಗಲು 1946 ಬರಬೇಕಾಯಿತು. ವೀಸಾದ ಮೇಲಿರುವ ಮಗಳನ್ನು ಹೆದರಿಸಲು ಬರೆಯುತ್ತಿಲ್ಲ. ನೀನು ಓಡಾಡುವ ಮೈದಾನದ ಕಥೆ ನಿನಗೆ ಪೂರ್ತಿ ಗೊತ್ತಿರಲಿ ಅಂತ ಅಷ್ಟೇ.

ನಿಮ್ಮ ಲೈಬ್ರರಿಯಲ್ಲಿ ಆ ತಂಡದ ಫೋಟೋ ಸಿಕ್ಕರೆ, ಜಾಕ್ ಇರುವಂಥದ್ದು, ಒಂದು ಕಾಪಿ ಮಾಡಿಸಿ ಕಳಿಸು. ನಮ್ಮ ಶಾಲೆಯ ಸ್ಪೋರ್ಟ್ಸ್ ರೂಮಿಗೆ ಕಟ್ಟು ಹಾಕಿಸಿ ಕೊಡುತ್ತೇನೆ. ಈಗಿರುವ ಮೇಷ್ಟ್ರು ನನ್ನ ಶಿಷ್ಯನೇ, ಬೇಡ ಅನ್ನುವುದಿಲ್ಲ. ಫೀಸಿನ ಕಂತನ್ನು ಸೋಮವಾರ ಬ್ಯಾಂಕಿಗೆ ಹೋಗಿ ಕಟ್ಟುತ್ತೇನೆ, ರಸೀತಿ ವಾಟ್ಸಾಪ್ ಮಾಡುತ್ತೇನೆ.

ಇಂತಿ,
ನಿನ್ನ ಅಪ್ಪ