ಅರ್ಜಿ ಹಾಕುವ ಮೊದಲು ಓದಬೇಕಾದದ್ದು

ಹುಬ್ಬಳ್ಳಿ

ಪ್ರೀತಿಯ ಮಗಳಿಗೆ,

ಕರ್ತನಲ್ಲಿ ವಂದನೆಗಳು.

ಸಭಾಪಾಲಕ ಸೇವೆಗೆ ಅರ್ಜಿ ಹಾಕುವವಳಿದ್ದೀ, ಅದಕ್ಕೂ ಮೊದಲು ಏನೇನು ಓದಲಿ ಎಂದು ಕೇಳಿದ್ದೀ. ನೀನು ಕಳಿಸಿದ ಪಟ್ಟಿ ನೋಡಿದೆ. ಅದರಲ್ಲಿ ಮುಕ್ಕಾಲು ಪಾಲು ಸಭೆ ಬೆಳೆಸುವ ಉಪಾಯ ಹೇಳುವ ಅಮೆರಿಕದ ಪುಸ್ತಕಗಳು. ಸಂಬಳದ ಸಿಬ್ಬಂದಿ, ಧ್ವನಿ ಎಂಜಿನಿಯರು, ಕಾರು ನಿಲ್ಲಿಸಲು ಎಕರೆಗಟ್ಟಲೆ ಜಾಗ ಇರುವವರಿಗೆ ಬರೆದವು. ಗದಗ ಸೀಮೆಯ ಹಳ್ಳಿಯೊಂದರಲ್ಲಿ ನಲವತ್ತು ಮನೆಯ ಸಭೆ, ಕೂಲಿ ಮುಗಿಸಿ ರಾತ್ರಿ ಎಂಟಕ್ಕೆ ಪ್ರಾರ್ಥನೆಗೆ ಕೂಡುವ ಜನ, ಇದಕ್ಕೆ ಅವು ಉಪಯೋಗಕ್ಕೆ ಬರುವುದಿಲ್ಲ. ಸದ್ಯ ಬದಿಗಿಡು.

ಮೊದಲು ಓದಬೇಕಾದದ್ದನ್ನು ಯಾರೂ ಓದುವ ಪುಸ್ತಕವೆಂದು ಎಣಿಸುವುದಿಲ್ಲ. ನಾಳೆ ನಿನ್ನನ್ನು ಸಭೆಯ ಮುಂದೆ ನಿಲ್ಲಿಸಿ ಕೇಳುವ ಪ್ರಶ್ನೆಗಳು ಅದರಲ್ಲಿವೆ: ನಮ್ಮ ದಕ್ಷಿಣ ಭಾರತ ಸಭೆಯ (ಸಿ.ಎಸ್.ಐ.) ಸಾಮಾನ್ಯ ಆರಾಧನಾ ಪುಸ್ತಕದಲ್ಲಿರುವ ಆರ್ಡಿನೇಷನ್ ಕ್ರಮ, ಅಂದರೆ ಸೇವೆಗೆ ದೀಕ್ಷೆ ಕೊಡುವ ವಿಧಿ. ಇಂಗ್ಲಿಷ್ ಮೂಲ 1963ರಲ್ಲಿ ಅಚ್ಚಾಯಿತು. ಮೊದಲ ಮೆಟ್ಟಿಲಿನ ಸೇವಕನಾದ ಡೀಕನ್, ಸಭಾಪಾಲಕ, ಇವರ ಮೇಲ್ವಿಚಾರಕನಾದ ಬಿಷಪ್, ಮೂವರದ್ದೂ ಅದರಲ್ಲಿದೆ. ಮೂರನ್ನೂ ಓದು, ಡೀಕನ್ ಕ್ರಮವನ್ನು ಹಾರಿಸಬೇಡ, ನೀನು ಮೊದಲು ಮೊಣಕಾಲೂರುವುದು ಅದಕ್ಕೇ.

ಪೆನ್ಸಿಲ್ ಹಿಡಿದು ಮೂರು ಸಲ ಓದಬೇಕು. ಮೊದಲ ಸಲ ಅಭ್ಯರ್ಥಿಗೆ ಕೇಳುವ ಪ್ರಶ್ನೆಗಳನ್ನು ಮಾತ್ರ ನೋಡು: ಕರೆ, ಸತ್ಯವೇದ, ಪ್ರಾರ್ಥನೆ ಮತ್ತು ಅಧ್ಯಯನ, ನಡತೆ. ಒಂದೊಂದನ್ನೂ ನೋಟ್‌ಬುಕ್ಕಿನ ಬೇರೆ ಬೇರೆ ಪುಟದಲ್ಲಿ ಬರೆದು, 'ಹೌದು' ಅಂದರೆ ಸೋಮವಾರದಿಂದ ಏನು ಬದಲಾಗಬೇಕು ಎಂದು ಕೆಳಗೆ ಬರೆ. ಎರಡನೆಯ ಸಲ ಸಭೆ ಹೇಳುವ ಮಾತುಗಳನ್ನಷ್ಟೇ ಗುರುತು ಹಾಕು. ಇವರು ಯೋಗ್ಯರೇ ಎಂದು ಬಿಷಪ್ ಜನರನ್ನೂ ಕೇಳುತ್ತಾರೆ. ಬಾಯಿಪಾಠದ ಉತ್ತರವಾದರೂ, ಆ ಉತ್ತರ ಬಾರದೆ ಕ್ರಮ ಮುಂದೆ ಹೋಗುವುದಿಲ್ಲ. ಮೂರನೆಯ ಸಲ, ತಲೆಯ ಮೇಲೆ ಕೈಯಿಡುವಾಗಿನ ಪ್ರಾರ್ಥನೆ. 1662ರ ಆಂಗ್ಲಿಕನ್ (ಇಂಗ್ಲೆಂಡಿನ ಸಭೆಯ) ಪ್ರಾರ್ಥನಾ ಪುಸ್ತಕದಲ್ಲಿ ಆ ಹೊತ್ತಿಗೆ ಬಿಷಪ್ ಅಭ್ಯರ್ಥಿಯ ಕಡೆ ತಿರುಗಿ 'ಪವಿತ್ರಾತ್ಮನನ್ನು ಹೊಂದಿಕೋ' ಅನ್ನುತ್ತಾರೆ. ನಮ್ಮ ಕ್ರಮದಲ್ಲಿ ಮಾತು ಅಭ್ಯರ್ಥಿಗಲ್ಲ, ದೇವರಿಗೆ: ನಿನ್ನ ಸೇವಕನ ಮೇಲೆ ಆತ್ಮನನ್ನು ಕಳುಹಿಸು ಎಂಬ ಬೇಡಿಕೆ. ಎರಡನ್ನೂ ಅಕ್ಕಪಕ್ಕ ಇಟ್ಟು ನೋಡು. ಕೊಡುವವರು ಯಾರು, ಕೇಳುವವರು ಯಾರು ಎಂಬ ತಕರಾರಿಗೆ ನಮ್ಮ ಹಿರಿಯರು ಕೊಟ್ಟ ಉತ್ತರ ಅಲ್ಲಿದೆ.

ಇದರ ಬೆನ್ನಿಗೇ ಸಭೆಯ ಸಂವಿಧಾನದಲ್ಲಿ ಆಡಳಿತ ತತ್ವಗಳ ಅಧ್ಯಾಯ, ಜೊತೆಗೆ ನಿಮ್ಮ ಬಿಷಪ್ ಆಡಳಿತದ ಪ್ರಾಂತವಾದ ಡಯಾಸಿಸ್‌ನ ನಿಯಮಾವಳಿ. ರುಚಿಯಿಲ್ಲದ ಓದು, ಆದರೂ ತಪ್ಪಿಸಬೇಡ. ಸ್ಥಳೀಯ ಸಭೆಯ ಆಡಳಿತ ನೋಡುವ ಪಾಸ್ಟರೇಟ್ ಕಮಿಟಿಯ ಅಧಿಕಾರ ಎಲ್ಲಿಗೆ ನಿಲ್ಲುತ್ತದೆ ಎಂದು ತಿಳಿಯದವರು ಮೊದಲ ವರ್ಷದಲ್ಲೇ ಖಜಾಂಚಿಯೊಡನೆ ಜಗಳಕ್ಕೆ ಬೀಳುತ್ತಾರೆ.

ಬಿಷಪ್ ಯಾಕೆ ಬೇಕು ಎಂಬ ಪ್ರಶ್ನೆ ನಮ್ಮ ಕಡೆಯವರಿಗೆ ಬರಲೇಬೇಕು. ಸ್ವಿಟ್ಜರ್ಲೆಂಡಿನ ಬಾಸೆಲ್ ಮಿಷನ್ ಧಾರವಾಡಕ್ಕೆ ಬಂದದ್ದು 1837ರಲ್ಲಿ, ಹುಬ್ಬಳ್ಳಿಗೆ 1839ರಲ್ಲಿ, ಬೆಟಗೇರಿಗೆ 1841ರಲ್ಲಿ. ಆ ಪರಂಪರೆಯಲ್ಲಿ ಬಿಷಪ್ ಇರಲಿಲ್ಲ. 1947ರ ಸೆಪ್ಟೆಂಬರ್ 27ರಂದು ಮದರಾಸಿನಲ್ಲಿ ದಕ್ಷಿಣ ಭಾರತ ಸಭೆ ಹುಟ್ಟಿದಾಗ ಬಿಷಪ್ ಇದ್ದ ಆಂಗ್ಲಿಕನರೂ ಬಿಷಪ್ ಇಲ್ಲದ ಪ್ರೆಸ್ಬಿಟೇರಿಯನ್, ಕಾಂಗ್ರಿಗೇಷನಲ್, ಮೆಥಡಿಸ್ಟ್ ಜನರೂ ಒಂದಾದರು; ನಮ್ಮ ಭಾಗ ಆಮೇಲೆ ಸೇರಿಕೊಂಡಿತು. ಆ ದೀರ್ಘ ಮಾತುಕತೆಯ ಚರಿತ್ರೆಯನ್ನು ಬೆಂಗ್ಟ್ ಸುಂಡ್‌ಕ್ಲರ್ 1954ರಲ್ಲಿ ಪುಸ್ತಕ ಮಾಡಿದರು. ಅದು ದಪ್ಪನೆಯ ಪುಸ್ತಕ. ಸೇವಾಪದವಿಯ ವಿಚಾರ ಬರುವ ಅಧ್ಯಾಯಗಳನ್ನು ಓದಿದರೆ ಸಾಕು. ಅದಕ್ಕಿಂತ ಸುಲಭವಾಗಿ ಓದಿಸಿಕೊಳ್ಳುವುದು ಲೆಸ್ಲಿ ನ್ಯೂಬಿಗಿನ್‌ರ ದಕ್ಷಿಣ ಭಾರತದ ದಿನಚರಿ, 1951ರದ್ದು. ಅವರು ಸ್ಕಾಟ್ಲೆಂಡಿನ ಪ್ರೆಸ್ಬಿಟೇರಿಯನ್ ಸಭೆಯಿಂದ ಮಿಷನರಿಯಾಗಿ ಬಂದು 1947ರಲ್ಲಿ ಮಧುರೆ ಕಡೆಯ ಬಿಷಪ್ ಆದವರು. ಬಿಷಪ್ ಪದವಿ ಹೊರಗಿನಿಂದ ನೋಡಿದವನಿಗೆ ಒಳಗಿನಿಂದ ಹೇಗೆ ಕಾಣುತ್ತದೆ ಎಂಬುದು ಅಲ್ಲಿ ಸಿಗುತ್ತದೆ.

ಇನ್ನು ಹಳಬರು. ಇಲ್ಲಿ ಅವಸರ ಮಾಡಬೇಡ.

ಯಾಜಕತ್ವದ ಬಗ್ಗೆ ಬಂದ ಹಳೆಯ ದೊಡ್ಡ ಬರಹಗಳಲ್ಲಿ ಎರಡು, ಆ ಕೆಲಸದಿಂದ ತಪ್ಪಿಸಿಕೊಂಡವರು ಬರೆದವು. ನಾಜಿಯಾನ್ಸಸ್‌ನ ಗ್ರೆಗರಿಯನ್ನು ಅವನ ತಂದೆಯೇ ಒತ್ತಾಯದಿಂದ ಪ್ರೆಸ್ಬಿಟರ್ (ಯಾಜಕ) ಮಾಡಿದ. ಅವನು ಕಪ್ಪು ಸಮುದ್ರದ ದಂಡೆಯ ಪೊಂಟಸ್‌ಗೆ ಓಡಿಹೋದ, 362ರ ಈಸ್ಟರ್ ಹೊತ್ತಿಗೆ ಮರಳಿದ. ಯಾಕೆ ಓಡಿದೆ, ಯಾಕೆ ಬಂದೆ ಎಂದು ಹೇಳುವ ಬರಹವೇ ಅವನ ಎರಡನೆಯ ಭಾಷಣ. ಮನುಷ್ಯರನ್ನು ನಡೆಸುವುದು ಕಲೆಗಳಲ್ಲೆಲ್ಲ ದೊಡ್ಡ ಕಲೆ ಎಂಬ ಮಾತು ಅಲ್ಲಿಯದು. ಜಾನ್ ಕ್ರಿಸೊಸ್ಟಮ್‌ನ ಯಾಜಕತ್ವದ ಪುಸ್ತಕ ಆರು ಭಾಗಗಳ ಸಂವಾದ. ಗೆಳೆಯ ಬೇಸಿಲ್‌ನನ್ನು ಆ ಪದವಿಗೆ ಸಿಕ್ಕಿಸಿ ತಾನು ಅಡಗಿಕೊಂಡ ಕಥೆಯಿಂದ ಶುರು. ಆ ಮೋಸವನ್ನು ಅವನು ಸಮರ್ಥಿಸಿಕೊಳ್ಳುವ ರೀತಿ ನನಗೆ ಒಪ್ಪಿಗೆಯಿಲ್ಲ, ಆದರೆ ಐದನೆಯ ಭಾಗವನ್ನು ಎರಡು ಸಲ ಓದು. ಪ್ರಸಂಗಿಗೆ ಎರಡು ಬೇಕು ಅನ್ನುತ್ತಾನೆ: ಮಾತಿನ ಬಲ, ಹೊಗಳಿಕೆಯ ತಿರಸ್ಕಾರ. ಮೊದಲನೆಯದು ಇಲ್ಲದೆ ಎರಡನೆಯದು ಮಾತ್ರ ಇದ್ದರೂ ಪ್ರಯೋಜನವಿಲ್ಲ. ಸೋಮಾರಿ ಪ್ರಸಂಗಿಗಳು ವಿನಯದ ಹಿಂದೆ ಅಡಗುವುದನ್ನು ಅವನು ಚೆನ್ನಾಗಿ ಕಂಡಿದ್ದಾನೆ.

ಮೂರನೆಯ ಭಾಗದಲ್ಲಿ ಹೆಂಗಸರಿಗೆ ಈ ಸೇವೆ ಸಲ್ಲದು ಎಂದೂ ಬರೆದಿದ್ದಾನೆ. ಆ ಪುಟ ಬಿಡಬೇಡ. ಯಾರಾದರೂ ನಿನ್ನ ಮುಂದೆ ಅದನ್ನು ತೆಗೆದೇ ತೆಗೆಯುತ್ತಾರೆ. ನಮ್ಮ ಸಭೆ ಹೆಂಗಸರಿಗೆ ದೀಕ್ಷೆ ಕೊಡುತ್ತದೆ, 2013ರಲ್ಲಿ ನಂದ್ಯಾಲದ ಬಿಷಪ್ ಆದವರು ಪುಷ್ಪಾ ಲಲಿತಾ. ವಾದಕ್ಕೆ ಹೋಗದೆ ಇಷ್ಟು ಹೇಳು.

ರೋಮಿನ ಪೋಪ್ ದೊಡ್ಡ ಗ್ರೆಗರಿಯ ಪಾಲಕನ ನಿಯಮ ಸುಮಾರು 590ರದ್ದು. ನಾಲ್ಕು ಭಾಗ. ನಿನಗೆ ಹೆಚ್ಚು ಬೇಕಾದದ್ದು ಮೂರನೆಯದು: ಬಡವ–ಸಿರಿವಂತ, ನಗುವವ–ಕೊರಗುವವ, ಹೀಗೆ ಮೂವತ್ತಕ್ಕೂ ಹೆಚ್ಚು ಜೋಡಿಗಳನ್ನು ಹಿಡಿದು, ಒಬ್ಬನಿಗೆ ಔಷಧಿಯಾಗುವ ಮಾತು ಇನ್ನೊಬ್ಬನಿಗೆ ವಿಷವಾಗುವುದು ಹೇಗೆ ಎಂದು ಬಿಡಿಸುತ್ತಾನೆ. ದಿನಕ್ಕೆ ಒಂದೇ ಜೋಡಿ ಓದು, ಓದಿ ನಿಮ್ಮ ಸಭೆಯಲ್ಲಿ ಆ ಇಬ್ಬರು ಯಾರು ಎಂದು ಯೋಚಿಸು. ಹೆಸರು ಮಾತ್ರ ಬರೆದಿಡಬೇಡ, ನೋಟ್‌ಬುಕ್ಕು ಯಾರ ಕೈಗೋ ಸಿಗುತ್ತದೆ. ಈ ಮೂವರ ಹಳೆಯ ಇಂಗ್ಲಿಷ್ ಅನುವಾದಗಳು ಹತ್ತೊಂಬತ್ತನೆಯ ಶತಮಾನದ ನೈಸೀನ್ ಪಿತೃಗಳ (ಆದಿಸಭೆಯ ಹಿರಿಯ ಬರಹಗಾರರ) ಮಾಲೆಯಲ್ಲಿವೆ, ಅಂತರ್ಜಾಲದಲ್ಲಿ ಪುಕ್ಕಟೆ: ಕ್ರಿಸೊಸ್ಟಮ್ ಮೊದಲ ಸರಣಿಯ 9ನೆಯ ಸಂಪುಟ, ನಾಜಿಯಾನ್ಸಸ್‌ನವನು ಎರಡನೆಯ ಸರಣಿಯ 7, ದೊಡ್ಡ ಗ್ರೆಗರಿ 12. ಭಾಷೆ ತೊಡಕು, ವಾಕ್ಯ ಮುಗಿಯುವುದೇ ಇಲ್ಲ. ದಿನಕ್ಕೆ ಹತ್ತು ಪುಟ ದಾಟಬೇಡ.

ಇಂಗ್ಲೆಂಡಿನ ಸಭಾಪಾಲಕ ರಿಚರ್ಡ್ ಬ್ಯಾಕ್ಸ್ಟರ್ 1656ರಲ್ಲಿ ಬರೆದ ಪಾಲಕರ ಪುಸ್ತಕ ಮನೆಭೇಟಿಯ ಲೆಕ್ಕಕ್ಕೆ. ಅವನ ಪ್ಯಾರಿಷ್‌ನಲ್ಲಿ ಎಂಟುನೂರಕ್ಕೂ ಹೆಚ್ಚು ಕುಟುಂಬ. ಸೋಮವಾರ ಮತ್ತು ಮಂಗಳವಾರ ಬೆಳಗಿನಿಂದ ಹೆಚ್ಚುಕಡಿಮೆ ರಾತ್ರಿಯವರೆಗೆ, ವಾರಕ್ಕೆ ಹದಿನೈದು ಹದಿನಾರು ಕುಟುಂಬಗಳ ಜೊತೆ ಕೂತು ಬೋಧಿಸಿದರೆ ವರ್ಷಕ್ಕೊಮ್ಮೆ ಎಲ್ಲರನ್ನೂ ಮುಟ್ಟಬಹುದು ಎಂದು ಗುಣಿಸಿದ್ದಾನೆ. ನಿನಗೆ ನೂರೈವತ್ತು ಮನೆಯ ಸಭೆ ಸಿಕ್ಕರೆ ವಾರಕ್ಕೆ ಮೂರು ಮನೆ. ಕಷ್ಟವೇನಲ್ಲ ಅನ್ನಿಸುತ್ತದೆ. ಆದರೆ ಕರೆದವರ ಮನೆಗೇ ಮತ್ತೆ ಮತ್ತೆ ಹೋಗುವುದರಿಂದ ಲೆಕ್ಕ ಕೆಡುತ್ತದೆ, ಚಹಾ ಚೆನ್ನಾಗಿರುವ ಮನೆಗಳು ತುಂಬಿಕೊಳ್ಳುತ್ತವೆ. ಮನೆಗಳ ಪಟ್ಟಿ ಓಣಿ ಪ್ರಕಾರ ಮಾಡಿಟ್ಟುಕೋ. ಪುಸ್ತಕದ ಸಂಕ್ಷಿಪ್ತ ಆವೃತ್ತಿ ಸಾಕು.

ಲೋಕದ ಸಭೆಗಳ ಒಕ್ಕೂಟದ 1982ರ ಲೀಮಾ ದಾಖಲೆ, ದೀಕ್ಷಾಸ್ನಾನ–ಪ್ರಭುಭೋಜನ–ಸೇವೆ ಕುರಿತದ್ದು, ಸಣ್ಣದು, ಒಂದು ಭಾನುವಾರ ಮಧ್ಯಾಹ್ನ ಮುಗಿಯುತ್ತದೆ. ಕಥೋಲಿಕರಲ್ಲಿ ಯಾಜಕರ ತರಬೇತಿ ಕುರಿತು ಪೋಪ್ ಎರಡನೆಯ ಜಾನ್ ಪಾಲ್ 1992ರಲ್ಲಿ ಬರೆದ ಪತ್ರದಿಂದ ಒಂದೇ ಸಂಗತಿ ತೆಗೆದುಕೋ: ಮಾನವೀಯ, ಆತ್ಮಿಕ, ಬೌದ್ಧಿಕ, ಪಾಲನಾ ಎಂದು ನಾಲ್ಕು ಬಗೆಯ ರೂಪಣೆ ಹೇಳಿ, ಮಾನವೀಯವನ್ನು ಬುಡದಲ್ಲಿಟ್ಟಿದ್ದಾರೆ. ಸಿಟ್ಟು ಸಂಭಾಳಿಸಲು ಬಾರದವನಿಗೆ ಗ್ರೀಕ್ ವ್ಯಾಕರಣ ಎಷ್ಟು ಬಂದರೇನು.

ಸೆಮಿನರಿಯಲ್ಲಿ ಹೆಚ್ಚಿನ ಓದು ಇಂಗ್ಲಿಷಿನಲ್ಲಿ. ಮಂಗಳೂರಿನ ಬಲ್ಮಠಕ್ಕೆ ಹೋದರೂ ಬೆಂಗಳೂರಿಗೆ ಹೋದರೂ ಸೆರಾಂಪುರದ ಬಿ.ಡಿ. (ದೇವಶಾಸ್ತ್ರದ ಪದವಿ) ಓದುವಾಗ ಕನ್ನಡ ಸವೆಯುತ್ತದೆ. ಈಗಿನಿಂದಲೇ ಕನ್ನಡ ಸತ್ಯವೇದವನ್ನು ದಿನಕ್ಕೆ ಎರಡು ಅಧ್ಯಾಯ ಗಟ್ಟಿಯಾಗಿ ಓದು, ಫೋನಿನಲ್ಲಿ ಧ್ವನಿ ಹಿಡಿದು ಕೇಳು. ವಾಕ್ಯದ ಕೊನೆಯ ಕ್ರಿಯಾಪದ ನುಂಗುವುದೇ ನಮ್ಮವರ ದೊಡ್ಡ ದೋಷ. ಕನ್ನಡದಲ್ಲಿ ಅರ್ಥ ಕೂತಿರುವುದೇ ಅಲ್ಲಿ, ಹಿಂದಿನ ಸಾಲಿನ ಅಜ್ಜಿಗೆ ಏನೂ ಮುಟ್ಟುವುದಿಲ್ಲ. ಪ್ರಭುಭೋಜನದ ಕ್ರಮವನ್ನೂ ಹೀಗೇ ಓದು, ಸಭೆಯ ಪ್ರತಿವಚನಕ್ಕೆ ಜಾಗ ಬಿಟ್ಟು.

ಕೊನೆಗೊಂದು ಕಾನೂನು ಪುಸ್ತಕ: 1872ರ ಭಾರತೀಯ ಕ್ರಿಶ್ಚಿಯನ್ ವಿವಾಹ ಕಾಯಿದೆ. ಮದುವೆ ಮಾಡಿಸುವ ಸಾಮಾನ್ಯ ಅವಧಿ ಬೆಳಗಿನ ಆರರಿಂದ ಸಂಜೆ ಏಳರವರೆಗೆ, ಹತ್ತನೆಯ ಕಲಂ. ಆರಕ್ಕೆ ಇಟ್ಟ ಮದುವೆಗೆ ಮೆರವಣಿಗೆ ಚೆನ್ನಮ್ಮ ಸರ್ಕಲ್‌ನಲ್ಲಿ ಸಿಕ್ಕಿಕೊಂಡರೆ ಏಳು ದಾಟುತ್ತದೆ, ನಾಲ್ಕಕ್ಕೆ ಇಡಿಸು. ರಿಜಿಸ್ಟರಿಗೆ ವಧೂವರರದು, ನಿನ್ನದು, ಇಬ್ಬರು ಸಾಕ್ಷಿಗಳದು ಸಹಿ ಬೇಕು. ಹೆಸರನ್ನು ಮನೆಯವರ ಬಾಯಿಂದ ಕೇಳಿ ಬರೆಯಬೇಡ. ಆಧಾರ್, ಹತ್ತನೆಯ ತರಗತಿಯ ಅಂಕಪಟ್ಟಿ ಎರಡೂ ತರಿಸಿ ಹಿಂದಿನ ದಿನವೇ ತಾಳೆ ನೋಡು. ಇನಿಷಿಯಲ್ ಬಿಡಿಸಿ ಪೂರ್ತಿ ಹೆಸರು ಬರೆ. ಹತ್ತು ವರ್ಷ ಬಿಟ್ಟು ಪಾಸ್‌ಪೋರ್ಟಿಗೆ ಓಡಾಡುವಾಗ ಎಲ್ಲರೂ ಬೈಯುವುದು ಬರೆದವರನ್ನೇ. ದೀಕ್ಷಾಸ್ನಾನದ ರಿಜಿಸ್ಟರಿಗೂ ಇದೇ ಎಚ್ಚರ.

ಸಂದರ್ಶನದಲ್ಲಿ ಏನು ಓದಿದ್ದೀ ಎಂದು ಕೇಳಬಹುದು. ಪೂರ್ತಿ ಓದಿದ್ದನ್ನಷ್ಟೇ ಹೇಳು, ಎರಡಾದರೂ ಸರಿ. ಅವುಗಳಲ್ಲಿ ನಿನಗೆ ಒಪ್ಪಿಗೆಯಾಗದ ಒಂದು ಜಾಗವನ್ನೂ ಗುರುತು ಮಾಡಿಟ್ಟುಕೊಂಡು ಹೋಗು. ಮುಂದಿನ ಪ್ರಶ್ನೆ ಹೆಚ್ಚಾಗಿ ಅದೇ ಆಗಿರುತ್ತದೆ. ಆರಾಧನಾ ಪುಸ್ತಕ ನಿಮ್ಮ ಸಭೆಯ ವೆಸ್ಟ್ರಿಯಲ್ಲಿ (ಆರಾಧನೆಯ ಸಾಮಾನಿಡುವ ಕೋಣೆಯಲ್ಲಿ) ಇದ್ದೇ ಇರುತ್ತದೆ, ಸಭಾಪಾಲಕರನ್ನು ಕೇಳಿ ತೆಗೆದುಕೋ, ಶನಿವಾರದೊಳಗೆ ವಾಪಸ್ ಇಡು.

ನಿನ್ನ
ಸೋದರಮಾವ